ಸೌದಿ ಅರೇಬಿಯಾದ ಫ್ರೋಜನ್ ಮೀನಿನ ಮಾರುಕಟ್ಟೆ – ಒಂದು ಪರಿಚಯ



ಊರಿನಿಂದ ನಮ್ಮ ಮನೆಗೆ ಬಂದಿದ್ದ ನನ್ನ ಅತ್ತೆಯವರನ್ನು ಒಂದು ದಿನ ಇಲ್ಲಿನ ದೊಡ್ಡ ಅಂಗಡಿಗೆ ಕರೆದುಕೊಂಡು ಹೋಗಿದ್ದೆ. ಅವರು ಮಲ್ಪೆಯ ಹತ್ತಿರದವರು. ಮೀನು ಕೊಳ್ಳುವುದರಲ್ಲಿ ಅವರನ್ನು ಮೀರಿಸುವವರಿಲ್ಲ. ಕಿವಿರು ಎತ್ತಿ ಬಣ್ಣ ನೋಡುತ್ತಾರೆ, ಕಣ್ಣು ಒಳಗೆ ಇಳಿದಿದೆಯೇ ಎಂದು ನೋಡುತ್ತಾರೆ, ಹೆಬ್ಬೆರಳಿನಿಂದ ಬೆನ್ನು ಒತ್ತುತ್ತಾರೆ. ಒತ್ತಿದ ಗುಳಿ ಹಾಗೆಯೇ ಉಳಿದರೆ ಆ ಬುಟ್ಟಿಯ ಕಡೆ ಮತ್ತೆ ತಿರುಗಿಯೂ ನೋಡುವುದಿಲ್ಲ. ಅಂಥವರು ಇಲ್ಲಿ ಫ್ರೀಜರ್‌ನಿಂದ ಬಂಗುಡೆಯ ಒಂದು ಪೊಟ್ಟಣ ಎತ್ತಿಕೊಂಡು, ಒತ್ತಿ ನೋಡಿ, ಹಾಗೆಯೇ ಕೆಳಗಿಟ್ಟರು. "ಇದು ಕಲ್ಲಿನ ಹಾಗೆ ಇದೆಯಲ್ಲ ಮಗಾ, ಇದನ್ನು ಒಳ್ಳೆಯದು ಅಂತ ನಂಬುವುದು ಹೇಗೆ?" ಎಂದು ಕೇಳಿದರು.

ಆಗ ನನಗೆ ಸರಿಯಾದ ಉತ್ತರ ಹೊಳೆಯಲಿಲ್ಲ. ಆದರೆ ಆ ಪ್ರಶ್ನೆ ಮನಸ್ಸಿನಲ್ಲಿ ಉಳಿಯಿತು. ಉತ್ತರ ಹುಡುಕುತ್ತಾ ಹೋದಂತೆ ವಿಜ್ಞಾನ, ಭೂಗೋಳ, ವಾಣಿಜ್ಯ, ಗಣಿತ ಎಲ್ಲವೂ ಆ ಒಂದು ಪೊಟ್ಟಣದಲ್ಲಿ ಅಡಗಿರುವುದು ತಿಳಿಯಿತು. ನಾವು ವಾರಕ್ಕೆ ಎರಡು ಮೂರು ಬಾರಿ ಉಣ್ಣುವ ಈ ಮೀನು ಎಲ್ಲಿಂದ ಬರುತ್ತದೆ, ಹೇಗೆ ಬರುತ್ತದೆ, ಈ ದೇಶದ ಮೀನಿನ ವ್ಯಾಪಾರ ಯಾವ ದಿಕ್ಕಿನಲ್ಲಿ ಸಾಗುತ್ತಿದೆ ಎಂಬುದನ್ನು ಈ ಲೇಖನದಲ್ಲಿ ನೋಡೋಣ.

ಎರಡು ಸಮುದ್ರಗಳ ದೇಶ

ಸೌದಿ ಅರೇಬಿಯಾ ಎಂದಾಕ್ಷಣ ನಮ್ಮ ಕಣ್ಣ ಮುಂದೆ ಬರುವುದು ಮರಳುಗಾಡು. ಆದರೆ ಈ ದೇಶಕ್ಕೆ ಎರಡು ಕಡೆ ಸಮುದ್ರವಿದೆ. ಪಶ್ಚಿಮದಲ್ಲಿ ಕೆಂಪು ಸಮುದ್ರ, ಪೂರ್ವದಲ್ಲಿ ಅರೇಬಿಯನ್ ಕೊಲ್ಲಿ. ಕೆಂಪು ಸಮುದ್ರದ ಕರಾವಳಿಯೇ ಸುಮಾರು 1,800 ಕಿಲೋಮೀಟರ್ ಉದ್ದವಿದೆ. ನಮ್ಮ ಕರ್ನಾಟಕದ ಕರಾವಳಿ ಸುಮಾರು 300 ಕಿಲೋಮೀಟರ್ ಮಾತ್ರ ಎಂಬುದನ್ನು ನೆನಪಿಸಿಕೊಂಡರೆ ಇದರ ಅಗಾಧತೆ ಅರಿವಾಗುತ್ತದೆ. ಜೆಡ್ಡಾ, ಜಿಝಾನ್, ಕತೀಫ್ ಪಟ್ಟಣಗಳ ಮೀನು ಮಾರುಕಟ್ಟೆಗಳು ಪ್ರಸಿದ್ಧವಾಗಿವೆ. ಮೀನಿನ ಜೊತೆ ಅನ್ನ ಬೇಯಿಸಿ ಮಾಡುವ 'ಸಯ್ಯಾದಿಯಾ' ಜೆಡ್ಡಾದ ಕಡೆಯ ಹೆಸರಾಂತ ಅಡುಗೆ.

ಆದರೂ ಇಲ್ಲಿ ಒಬ್ಬ ವ್ಯಕ್ತಿ ವರ್ಷಕ್ಕೆ ತಿನ್ನುವ ಮೀನಿನ ಪ್ರಮಾಣ ವಿಶ್ವದ ಸರಾಸರಿಗಿಂತ ಕಡಿಮೆ. ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಸ್ಥೆಯ ಪ್ರಕಾರ 2021ರಲ್ಲಿ ವಿಶ್ವದ ಸರಾಸರಿ 20.6 ಕಿಲೋ ಇತ್ತು. ಸೌದಿಯ ಒಳನಾಡಿನ ಜನರು ಮೊದಲಿನಿಂದಲೂ ಕುರಿ, ಒಂಟೆ ಮತ್ತು ಕೋಳಿ ಮಾಂಸಕ್ಕೆ ಒಗ್ಗಿದವರು. ಇದಕ್ಕೆ ಕಾರಣ ಸರಳವಾಗಿದೆ. ಇಲ್ಲಿ ನದಿಗಳಿಲ್ಲ, ಆದ್ದರಿಂದ ಹೊಳೆಮೀನು ಇಲ್ಲ. ರಿಯಾದ್ ನಗರಕ್ಕೆ ಅತ್ಯಂತ ಹತ್ತಿರದ ಸಮುದ್ರವೆಂದರೆ ಸುಮಾರು 400 ಕಿಲೋಮೀಟರ್ ದೂರದ ದಮ್ಮಾಮ್. ಬೇಸಿಗೆಯಲ್ಲಿ 45 ಡಿಗ್ರಿ ಬಿಸಿಲು. ಮಂಜುಗಡ್ಡೆ ಇಲ್ಲದ ಕಾಲದಲ್ಲಿ ಅಷ್ಟು ದೂರ ಹಸಿ ಮೀನು ಕೆಡದೆ ಹೋಗುವುದು ಅಸಾಧ್ಯವಾಗಿತ್ತು. ಒಣಗಿಸಿದ ಅಥವಾ ಉಪ್ಪು ಹಾಕಿದ ಮೀನು ಮಾತ್ರ ದೂರ ಹೋಗಬಹುದಾಗಿತ್ತು. ನಮ್ಮ ಘಟ್ಟದ ಮೇಲಿನವರಿಗೆ ಹಿಂದೆ ಒಣಮೀನೇ ಗತಿಯಾಗಿದ್ದಂತೆ!

ತೈಲದ ಆದಾಯ ಬೆಳೆದು ರಸ್ತೆ, ವಿದ್ಯುತ್, ಶೀತಲಗೃಹಗಳು ಬಂದ ಮೇಲೆ ಪರಿಸ್ಥಿತಿ ಬದಲಾಯಿತು. 1980ರಲ್ಲಿ ಸೌದಿ ಫಿಶರೀಸ್ ಕಂಪನಿ ಸ್ಥಾಪನೆಯಾಯಿತು. ಕ್ರಮೇಣ ಒಳನಾಡಿನ ಪಟ್ಟಣಗಳಿಗೂ ಮೀನು ತಲುಪತೊಡಗಿತು. ಮರಳುಗಾಡಿನ ನಡುವೆ ಮೀನು ಉಣ್ಣಲು ಸಾಧ್ಯ ಮಾಡಿಕೊಟ್ಟದ್ದು ಚಳಿ ಎಂದರೆ ತಪ್ಪಾಗಲಾರದು.

ಹೆಪ್ಪುಗಟ್ಟಿಸುವ ವಿದ್ಯೆ

ಈಗ ಸ್ವಲ್ಪ ವಿಜ್ಞಾನವನ್ನು ನೋಡೋಣ. ಮೀನಿನ ತೂಕದ ಸುಮಾರು ಮುಕ್ಕಾಲು ಪಾಲು ನೀರು. ಈ ನೀರು ಮೈನಸ್ 1 ಡಿಗ್ರಿಯ ಆಸುಪಾಸಿನಲ್ಲಿ ಹರಳುಗಟ್ಟಲು ಆರಂಭಿಸಿ, ಮೈನಸ್ 5 ಡಿಗ್ರಿಗೆ ಬರುವ ಹೊತ್ತಿಗೆ ಹೆಚ್ಚಿನ ಪಾಲು ಮಂಜಾಗಿರುತ್ತದೆ. ಮೀನು ಈ ಹಂತವನ್ನು ನಿಧಾನವಾಗಿ ದಾಟಿದರೆ ಹರಳುಗಳು ದೊಡ್ಡದಾಗಿ ಬೆಳೆದು ಮಾಂಸದ ಜೀವಕೋಶಗಳನ್ನು ಹರಿದುಬಿಡುತ್ತವೆ. ಅಂಥ ಮೀನನ್ನು ಕರಗಿಸಿದಾಗ ನೀರೆಲ್ಲ ಸೋರಿಹೋಗಿ, ಮಾಂಸ ನಾರುನಾರಾಗಿ, ಸಪ್ಪೆಯಾಗುತ್ತದೆ. ಬೇಗನೆ ದಾಟಿದರೆ ಹರಳುಗಳು ಅತಿ ಸಣ್ಣದಾಗಿರುತ್ತವೆ, ಕೋಶಗಳಿಗೆ ಹಾನಿ ಕಡಿಮೆ.

ಈ ಗುಟ್ಟನ್ನು ವ್ಯಾಪಾರಕ್ಕೆ ತಂದವನು ಅಮೆರಿಕದ ಕ್ಲಾರೆನ್ಸ್ ಬರ್ಡ್ಸ್‌ಐ. 1912ರ ನಂತರ ಕೆಲವು ವರ್ಷ ಅವನು ಕೆನಡಾದ ಲ್ಯಾಬ್ರಡಾರ್ ಎಂಬ ಹಿಮಪ್ರದೇಶದಲ್ಲಿದ್ದ. ಅಲ್ಲಿನ ಮೂಲನಿವಾಸಿಗಳು ಹಿಡಿದ ಮೀನು ಗಾಳಿಯ ಚಳಿಗೆ ಕ್ಷಣಮಾತ್ರದಲ್ಲಿ ಗಟ್ಟಿಯಾಗುವುದನ್ನೂ, ತಿಂಗಳುಗಳ ನಂತರ ಬೇಯಿಸಿದರೂ ಹಸಿ ಮೀನಿನ ರುಚಿ ಇರುವುದನ್ನೂ ಗಮನಿಸಿದ. ಊರಿಗೆ ಮರಳಿ ಲೋಹದ ಶೀತಲ ತಟ್ಟೆಗಳ ನಡುವೆ ಆಹಾರವನ್ನು ಒತ್ತಿ ಬೇಗನೆ ಗಟ್ಟಿಮಾಡುವ ಯಂತ್ರವನ್ನು ರೂಪಿಸಿದ. ಅವನ ವಿಧಾನದಲ್ಲಿ ತಯಾರಾದ ಪೊಟ್ಟಣಗಳು 1930ರಲ್ಲಿ ಅಮೆರಿಕದ ಸ್ಪ್ರಿಂಗ್‌ಫೀಲ್ಡ್ ಪಟ್ಟಣದ ಅಂಗಡಿಗಳಲ್ಲಿ ಮಾರಾಟಕ್ಕೆ ಬಂದವು.

ಭಾರತಕ್ಕೆ ಈ ವಿದ್ಯೆ ಬಂದದ್ದು 1950ರ ದಶಕದಲ್ಲಿ. 1953ರಲ್ಲಿ ಕೊಚ್ಚಿಯಿಂದ ಮೊದಲ ಬಾರಿಗೆ ಹೆಪ್ಪುಗಟ್ಟಿಸಿದ ಸೀಗಡಿ ಅಮೆರಿಕಕ್ಕೆ ಹೋಯಿತು. ಅದೇ ಕಾಲದಲ್ಲಿ ನಾರ್ವೆ ದೇಶದ ನೆರವಿನಿಂದ ಕೇರಳದಲ್ಲಿ ಆರಂಭವಾದ ಯೋಜನೆಯು ಯಂತ್ರದ ದೋಣಿ ಮತ್ತು ಮಂಜುಗಡ್ಡೆಯ ಬಳಕೆಯನ್ನು ಪರಿಚಯಿಸಿತು. ಮುಂದೆ ಅದು ನಮ್ಮ ಕಾರವಾರಕ್ಕೂ ವಿಸ್ತರಿಸಿತು. 1969ರಲ್ಲಿ ದೇಶದ ಮೊದಲ ಮೀನುಗಾರಿಕಾ ಕಾಲೇಜು ಮಂಗಳೂರಿನಲ್ಲಿ ಪ್ರಾರಂಭವಾದದ್ದು ಕನ್ನಡಿಗರಿಗೆ ಹೆಮ್ಮೆಯ ವಿಷಯ. 1972ರಲ್ಲಿ ಸಾಗರೋತ್ಪನ್ನ ರಫ್ತು ಅಭಿವೃದ್ಧಿ ಪ್ರಾಧಿಕಾರ ಸ್ಥಾಪನೆಯಾಯಿತು. 2023-24ರಲ್ಲಿ ಭಾರತ 17.81 ಲಕ್ಷ ಟನ್ ಸಾಗರೋತ್ಪನ್ನವನ್ನು ರಫ್ತು ಮಾಡಿ 60,523 ಕೋಟಿ ರೂಪಾಯಿ ಗಳಿಸಿತು. ಅದರಲ್ಲಿ ಸಿಂಹಪಾಲು ಫ್ರೋಜನ್ ಸೀಗಡಿಯದ್ದು.

ಚಳಿಯ ಸರಪಳಿ

ಈಗಿನ ಕಾರ್ಖಾನೆಗಳಲ್ಲಿ ಮೀನನ್ನು ಮೈನಸ್ 35ರಿಂದ 40 ಡಿಗ್ರಿಯ ಗಾಳಿಯಲ್ಲಿ ಅಥವಾ ಶೀತಲ ತಟ್ಟೆಗಳ ನಡುವೆ ಗಟ್ಟಿಮಾಡುತ್ತಾರೆ. ನಂತರ ಅದು ಒಲೆಯ ಮೇಲೆ ಹೋಗುವವರೆಗೂ ಮೈನಸ್ 18 ಡಿಗ್ರಿ ಅಥವಾ ಅದಕ್ಕಿಂತ ಕಡಿಮೆ ಉಷ್ಣತೆಯಲ್ಲೇ ಇರಬೇಕು. ಕಾರ್ಖಾನೆ, ಲಾರಿ, ಬಂದರು, ಹಡಗು, ಮತ್ತೆ ಬಂದರು, ಗೋದಾಮು, ಅಂಗಡಿ, ಕೊನೆಗೆ ನಮ್ಮ ಮನೆ. ಈ ಎಲ್ಲಾ ಕೊಂಡಿಗಳು ಸೇರಿದ್ದೇ ಶೀತಲ ಸರಪಳಿ. ಹಡಗಿನಲ್ಲಿ ಇದು ವಿದ್ಯುತ್ತಿನಿಂದ ತಂಪಾಗುವ 'ರೀಫರ್' ಎಂಬ ಕಂಟೇನರಿನಲ್ಲಿ ಬರುತ್ತದೆ. ಸೌದಿಯ ಬಂದರುಗಳಲ್ಲಿ ಜೆಡ್ಡಾ ಇಸ್ಲಾಮಿಕ್ ಬಂದರು ಮತ್ತು ದಮ್ಮಾಮಿನ ಕಿಂಗ್ ಅಬ್ದುಲ್ ಅಝೀಝ್ ಬಂದರು ಮುಖ್ಯವಾದವು.

ಇಲ್ಲಿ ಒಂದು ಮಾತನ್ನು ನೆನಪಿಡಬೇಕು. ಚಳಿಯು ಬ್ಯಾಕ್ಟೀರಿಯಾಗಳನ್ನು ಪೂರ್ತಿ ಕೊಲ್ಲುವುದಿಲ್ಲ, ಮಲಗಿಸುತ್ತದೆ ಅಷ್ಟೆ. ಮೀನು ಕರಗಿದೊಡನೆ ಅವು ಮತ್ತೆ ಎಚ್ಚರಗೊಳ್ಳುತ್ತವೆ. ಆದ್ದರಿಂದ ಸರಪಳಿಯ ಒಂದೇ ಒಂದು ಕೊಂಡಿ ಕಳಚಿದರೂ ಉಳಿದವರ ಶ್ರಮವೆಲ್ಲ ಹೊಳೆಯಲ್ಲಿ ಹುಣಸೆಹಣ್ಣು ಕಿವುಚಿದಂತೆ. ಆ ಕೊನೆಯ ಕೊಂಡಿ ನಮ್ಮ ಕೈಯಲ್ಲಿದೆ.

ಅಂಗಡಿಯ ಫ್ರೀಜರ್ ಒಂದು ಭೂಪಟ

ಮುಂದಿನ ಬಾರಿ ಅಂಗಡಿಗೆ ಹೋದಾಗ ಫ್ರೀಜರಿನ ಮುಂದೆ ಎರಡು ನಿಮಿಷ ನಿಂತು ನೋಡಿ. ಪೊಟ್ಟಣಗಳ ಮೇಲಿನ ದೇಶಗಳ ಹೆಸರನ್ನು ಓದಿದರೆ ಅಲ್ಲಿ ಅರ್ಧ ಪ್ರಪಂಚವೇ ಕಾಣಸಿಗುತ್ತದೆ. ಇದಕ್ಕೆ ಕಾರಣ ಇಲ್ಲಿ ನೆಲೆಸಿರುವ ಜನ. 2022ರ ಜನಗಣತಿಯಂತೆ ಸೌದಿ ಅರೇಬಿಯಾದ ಜನಸಂಖ್ಯೆ 3 ಕೋಟಿ 22 ಲಕ್ಷ. ಅದರಲ್ಲಿ 1 ಕೋಟಿ 34 ಲಕ್ಷ ಜನ ನಮ್ಮಂತೆ ಹೊರದೇಶಗಳಿಂದ ಬಂದವರು. ಬಾಂಗ್ಲಾದೇಶದವರು 21 ಲಕ್ಷ, ಭಾರತೀಯರು ಸುಮಾರು 19 ಲಕ್ಷ, ಪಾಕಿಸ್ತಾನದವರು 18 ಲಕ್ಷ.

ಮನುಷ್ಯ ಊರು ಬಿಟ್ಟರೂ ನಾಲಿಗೆ ಊರು ಬಿಡುವುದಿಲ್ಲ. ಬಾಂಗ್ಲಾದವರಿಗೆ ಹಿಲ್ಸಾ ಮತ್ತು ರೋಹು ಬೇಕು. ಈಜಿಪ್ಟಿನವರಿಗೆ ತಿಲಾಪಿಯಾ ಬೇಕು. ಫಿಲಿಪ್ಪೀನ್ಸ್‌ನವರಿಗೆ ಹಾಲುಮೀನು ಬೇಕು. ಮಂಗಳೂರು, ಉಡುಪಿ, ಭಟ್ಕಳ, ಕಾಸರಗೋಡಿನ ನಮಗೆ ಬಂಗುಡೆ, ಬೂತಾಯಿ, ಅಂಜಲ್ ಬೇಕು. ಇಷ್ಟೊಂದು ಬಗೆಯ ಮೀನನ್ನು ಇಲ್ಲಿನ ಎರಡು ಸಮುದ್ರಗಳು ಕೊಡಲಾರವು. ಹೀಗೆ ಬಂದವರ ಬೆನ್ನ ಹಿಂದೆಯೇ ಅವರವರ ಮೀನೂ ಹಡಗು ಹತ್ತಿ ಬಂತು.

ನಮ್ಮ ಮೀನುಗಳು ಇಲ್ಲಿ ಬೇರೆ ಹೆಸರಿನಲ್ಲಿ ಓಡಾಡುತ್ತವೆ. ಬಂಗುಡೆಗೆ 'ಬಾಗಾ', ಅಂಜಲಿಗೆ 'ಕನ್‌ಅದ್', ಬಿಳಿ ಮಾಂಜಿಗೆ 'ಝುಬೈದಿ', ಮುರು ಮೀನಿಗೆ 'ಹಾಮೂರ್' ಎನ್ನುತ್ತಾರೆ. ಸೀಗಡಿಗೆ ಪೂರ್ವ ಪ್ರಾಂತ್ಯದಲ್ಲಿ 'ರುಬಿಯಾನ್', ಜೆಡ್ಡಾದ ಕಡೆ 'ಜಂಬರಿ' ಎಂಬ ಹೆಸರಿದೆ.

ಮೀನಿಗೂ ಒಂದು ಪಂಚಾಂಗವಿದೆ. ಕರ್ನಾಟಕದಲ್ಲಿ ಜೂನ್ 1ರಿಂದ ಜುಲೈ 31ರವರೆಗೆ 61 ದಿನ ಯಾಂತ್ರಿಕ ದೋಣಿಗಳು ಕಡಲಿಗಿಳಿಯುವಂತಿಲ್ಲ. ಮರಿಗಳು ಬೆಳೆಯಲಿ ಎಂಬುದು ಈ ನಿಯಮದ ಉದ್ದೇಶ. ಇಲ್ಲಿನ ಪೂರ್ವ ಪ್ರಾಂತ್ಯದಲ್ಲಿಯೂ ಸೀಗಡಿ ಹಿಡಿಯಲು ಅವಕಾಶವಿರುವುದು ಆಗಸ್ಟ್‌ನಿಂದ ಜನವರಿಯ ಕೊನೆಯವರೆಗೆ ಮಾತ್ರ. ಉಳಿದ ತಿಂಗಳುಗಳಲ್ಲಿ ತಟ್ಟೆಗೆ ಮೀನು ತರುವುದು ಫ್ರೀಜರ್. ಸುಗ್ಗಿಯಲ್ಲಿ ಹಿಡಿದದ್ದನ್ನು ಕೊರತೆಯ ಕಾಲಕ್ಕೆ ಕಾಪಾಡಿಕೊಡುವುದರಿಂದ ಬೆಲೆಯ ಏರಿಳಿತವೂ ಸ್ವಲ್ಪ ಹಿಡಿತದಲ್ಲಿರುತ್ತದೆ.

ಕೆಲವೊಮ್ಮೆ ವ್ಯಾಪಾರದ ದಿಕ್ಕೇ ತಿರುಗುವುದುಂಟು. ಕೇರಳದಲ್ಲಿ 2012ರಲ್ಲಿ ಸುಮಾರು 4 ಲಕ್ಷ ಟನ್ ಬೂತಾಯಿ ಸಿಕ್ಕಿತ್ತು. 2021ರಲ್ಲಿ ಸಿಕ್ಕಿದ್ದು ಕೇವಲ 3,297 ಟನ್ ಎಂದು ಕೇಂದ್ರ ಸಮುದ್ರ ಮೀನುಗಾರಿಕಾ ಸಂಶೋಧನಾ ಸಂಸ್ಥೆ ಲೆಕ್ಕ ಹಾಕಿದೆ. ಸಮುದ್ರದ ವಾತಾವರಣದಲ್ಲಿ ಆದ ಬದಲಾವಣೆ ಇದಕ್ಕೆ ಮುಖ್ಯ ಕಾರಣವೆಂದು ವಿಜ್ಞಾನಿಗಳು ಗುರುತಿಸಿದ್ದಾರೆ. ಆ ಕೊರತೆಯ ವರ್ಷಗಳಲ್ಲಿ ಅರಬ್ಬರ ನಾಡಾದ ಒಮಾನಿನಿಂದ ನಮ್ಮ ಕರಾವಳಿಗೆ ಬೂತಾಯಿ ಬಂದು ಮಾರಾಟವಾಯಿತು. ಕಡಲ ತಡಿಯವರಿಗೇ ಕಡಲಾಚೆಯ ಮೀನು!

ಬದಲಾಗುತ್ತಿರುವ ಮಾರುಕಟ್ಟೆ

ಕಳೆದ ಇಪ್ಪತ್ತು ಮೂವತ್ತು ವರ್ಷಗಳಲ್ಲಿ ಇಲ್ಲಿನ ಫ್ರೋಜನ್ ಮೀನಿನ ವ್ಯಾಪಾರದಲ್ಲಿ ಕೆಲವು ಗಮನಾರ್ಹ ಬದಲಾವಣೆಗಳು ಆಗಿವೆ.

ಮೊದಲನೆಯದು ರೂಪದ ಬದಲಾವಣೆ. ಮೊದಲು ಹತ್ತಾರು ಮೀನುಗಳನ್ನು ಒಂದೇ ಮಂಜಿನ ಗಡ್ಡೆಯಾಗಿ ಗಟ್ಟಿಮಾಡಿ ತರುತ್ತಿದ್ದರು. ಒಂದು ಬೇಕಾದರೂ ಇಡೀ ಗಡ್ಡೆ ಕರಗಿಸಬೇಕಿತ್ತು. ಈಗ ಒಂದೊಂದು ಮೀನು ಅಥವಾ ಸೀಗಡಿಯನ್ನು ಬಿಡಿಬಿಡಿಯಾಗಿ ಗಟ್ಟಿಮಾಡುವ ವಿಧಾನ ಹೆಚ್ಚು ಬಳಕೆಗೆ ಬಂದಿದೆ. ಮುಳ್ಳು ತೆಗೆದ ಹೋಳುಗಳು, ಸಿಪ್ಪೆ ಸುಲಿದ ಸೀಗಡಿ, ಮಸಾಲೆ ಹಚ್ಚಿದ ಮೀನು ಕೂಡ ಸಿಗುತ್ತವೆ. ಕೆಲಸಕ್ಕೆ ಹೋಗುವ ತಾಯಂದಿರಿಗೆ ಇದರಿಂದ ಸಮಯ ಉಳಿಯುತ್ತದೆ. ಆದರೆ ತಲೆ, ಕಣ್ಣು, ಕಿವಿರು ಇಲ್ಲದ ಮೀನಿನಲ್ಲಿ ಯಾವ ಜಾತಿಯ ಮೀನು ಎಂದು ಗುರುತಿಸುವುದೇ ಕಷ್ಟ. ಚೀಟಿಯನ್ನೇ ನಂಬಬೇಕಾಗುತ್ತದೆ.

ಎರಡನೆಯದು ಹಿಡಿದ ಮೀನಿನಿಂದ ಸಾಕಿದ ಮೀನಿನ ಕಡೆಗೆ ಆದ ಬದಲಾವಣೆ. 2022ರಲ್ಲಿ ಪ್ರಪಂಚದಲ್ಲಿ ಮೊಟ್ಟಮೊದಲ ಬಾರಿಗೆ, ಹಿಡಿದ ಜಲಚರಗಳಿಗಿಂತ ಸಾಕಿದ ಜಲಚರಗಳ ಪ್ರಮಾಣ ಹೆಚ್ಚಾಯಿತು. ಸೌದಿಯೂ ಇದೇ ಹಾದಿಯಲ್ಲಿದೆ. ಜೆಡ್ಡಾದ ದಕ್ಷಿಣಕ್ಕೆ ಅಲ್ ಲಿತ್ ಎಂಬಲ್ಲಿ ಕೆಂಪು ಸಮುದ್ರದ ನೀರನ್ನು ಹಾಯಿಸಿ ಮರಳುಗಾಡಿನ ಅಂಚಿನಲ್ಲಿ ವಿಶಾಲವಾದ ಸೀಗಡಿ ಕೊಳಗಳನ್ನು ಮಾಡಿದ್ದಾರೆ. ಸಮುದ್ರದಲ್ಲಿ ಪಂಜರಗಳನ್ನಿಟ್ಟು ಮೀನನ್ನೂ ಸಾಕುತ್ತಾರೆ. 2016ರಲ್ಲಿ ಪ್ರಕಟವಾದ 'ವಿಷನ್ 2030' ಯೋಜನೆಯ ನಂತರ ಈ ಕೆಲಸ ಚುರುಕಾಗಿದೆ. ವರ್ಷಕ್ಕೆ 6 ಲಕ್ಷ ಟನ್ ಸಾಕಿದ ಮೀನು ಮತ್ತು ಸೀಗಡಿ ಉತ್ಪಾದಿಸುವುದು 2030ರ ಗುರಿ. 2023ರ ಹೊತ್ತಿಗೆ ಉತ್ಪಾದನೆ ಒಂದು ಲಕ್ಷ ಟನ್ನನ್ನು ದಾಟಿತ್ತು. ಸೀಗಡಿಯಲ್ಲಂತೂ ದೇಶದ ಅಗತ್ಯ ಮೀರಿ ಬೆಳೆದು ಚೀನಾ ಮೊದಲಾದ ದೇಶಗಳಿಗೆ ಫ್ರೋಜನ್ ಆಗಿ ಕಳುಹಿಸಿದ್ದಾರೆ. ಒಂದು ಕಾಲದಲ್ಲಿ ಕೊಳ್ಳುವವರಾಗಿದ್ದವರು ಈಗ ಮಾರುವವರೂ ಆಗಿದ್ದಾರೆ.

ಮೂರನೆಯದು ನಿಯಮಗಳ ಬಿಗಿ. 2003ರಲ್ಲಿ ಸೌದಿ ಆಹಾರ ಮತ್ತು ಔಷಧ ಪ್ರಾಧಿಕಾರ ಸ್ಥಾಪನೆಯಾಯಿತು. ಹೊರದೇಶದಿಂದ ಬರುವ ಮೀನಿನ ಜೊತೆ ಆ ದೇಶದ ಅಧಿಕಾರಿಗಳು ಕೊಟ್ಟ ಆರೋಗ್ಯ ಪ್ರಮಾಣಪತ್ರ ಇರಬೇಕು. 2018ರ ಜನವರಿಯಲ್ಲಿ ವಿಯೆಟ್ನಾಮಿನ ಮೀನು ಮತ್ತು ಸೀಗಡಿಯ ಆಮದನ್ನು ಸೌದಿ ತಾತ್ಕಾಲಿಕವಾಗಿ ನಿಲ್ಲಿಸಿತು. ಅಗ್ಗದ ಬಿಳಿ ಮೀನಿನ ಹೋಳುಗಳಿಗೆ ವಿಯೆಟ್ನಾಮ್ ಹೆಸರುವಾಸಿಯಾದ್ದರಿಂದ ಅದರ ಪರಿಣಾಮ ವ್ಯಾಪಾರಿಗಳಿಗೆಲ್ಲ ತಟ್ಟಿತು.

ಇಷ್ಟು ಬಿಗಿ ಏಕೆ ಎಂದು ನೀವು ಕೇಳಬಹುದು. ಇದಕ್ಕೆ ಒಂದು ಕಹಿ ಅನುಭವದ ಹಿನ್ನೆಲೆ ಇದೆ. 2010-11ರ ವೇಳೆಗೆ ಸೌದಿಯ ಸೀಗಡಿ ಕೊಳಗಳಿಗೆ 'ಬಿಳಿ ಚುಕ್ಕೆ' ಎಂಬ ವೈರಾಣು ರೋಗ ಬಂತು. ಈ ರೋಗ ಮನುಷ್ಯರಿಗೆ ತಗಲುವುದಿಲ್ಲ. ಆದರೆ ಕೊಳದ ಸೀಗಡಿಗಳನ್ನು ಕೆಲವೇ ದಿನಗಳಲ್ಲಿ ನಾಶ ಮಾಡುತ್ತದೆ. ಆ ಹೊಡೆತದ ನಂತರ, ಅಲ್ಲಿಯವರೆಗೆ ಸಾಕುತ್ತಿದ್ದ 'ಭಾರತೀಯ ಬಿಳಿ ಸೀಗಡಿ'ಯ ತಳಿಯನ್ನು ಬಿಟ್ಟು, ರೋಗಮುಕ್ತವಾಗಿ ಬೆಳೆಸಿದ ವೆನಾಮಿ ಸೀಗಡಿಯ ತಳಿಯನ್ನು ತಂದರು. ವಿಶೇಷವೆಂದರೆ ಈ ವೈರಾಣು ಫ್ರೀಜರಿನ ಚಳಿಯಲ್ಲೂ ಸಾಯುವುದಿಲ್ಲ. ಹಸಿಯಾಗಿ ಹೆಪ್ಪುಗಟ್ಟಿಸಿದ ಸೀಗಡಿಯ ಮೂಲಕ ಒಂದು ದೇಶದ ರೋಗ ಇನ್ನೊಂದು ದೇಶದ ಕೊಳಕ್ಕೆ ಹೋಗಬಹುದು. ಆದ್ದರಿಂದ ಸಾಕಣೆ ಬೆಳೆದಂತೆಲ್ಲ ಆಮದಿನ ಮೇಲಿನ ಕಣ್ಣೂ ಚುರುಕಾಗುತ್ತದೆ.

ನಾಲ್ಕನೆಯದು ಬೆಲೆ. ನಮ್ಮ ಮನೆಯ ಲೆಕ್ಕಪುಸ್ತಕಕ್ಕೆ ನೇರವಾಗಿ ತಟ್ಟುವ ವಿಷಯ ಇದು. 2018ರ ಜನವರಿ 1ರಿಂದ ಸೌದಿಯಲ್ಲಿ ಶೇಕಡಾ 5ರ ಮೌಲ್ಯವರ್ಧಿತ ತೆರಿಗೆ ಬಂತು. 2020ರ ಜುಲೈ 1ರಿಂದ ಅದು ಶೇಕಡಾ 15 ಆಯಿತು. ತೆರಿಗೆಯಿಲ್ಲದೆ 20 ರಿಯಾಲ್ ಬೆಲೆಯ ಪೊಟ್ಟಣಕ್ಕೆ ಮೊದಲು 21 ರಿಯಾಲ್ ಕೊಡಬೇಕಿದ್ದರೆ, ನಂತರ 23 ರಿಯಾಲ್ ಕೊಡಬೇಕಾಯಿತು. ಅದೇ 2020ರಲ್ಲಿ ಕೊರೋನಾದಿಂದ ವಿಮಾನಗಳು ನಿಂತವು. ಪ್ರಯಾಣಿಕರ ವಿಮಾನದ ಹೊಟ್ಟೆಯಲ್ಲಿ ಐಸ್ ಪೆಟ್ಟಿಗೆಗಳಲ್ಲಿ ಬರುತ್ತಿದ್ದ ಹಸಿ ಮೀನಿಗೆ ದಾರಿ ಇಲ್ಲವಾಯಿತು. ತಿಂಗಳುಗಟ್ಟಲೆ ಕಾಯಬಲ್ಲ ಫ್ರೋಜನ್ ಮೀನು ಆಗ ಎಷ್ಟೋ ಮನೆಗಳಿಗೆ ಆಸರೆಯಾಯಿತು.

2023ರ ನವೆಂಬರಿನ ನಂತರ ಇನ್ನೊಂದು ತೊಂದರೆ ಎದುರಾಯಿತು. ಭಾರತದಿಂದ ಜೆಡ್ಡಾಕ್ಕೆ ಬರುವ ಹಡಗುಗಳು ಯೆಮನ್ ಪಕ್ಕದ ಬಾಬ್ ಅಲ್ ಮಂದಬ್ ಎಂಬ ಇಕ್ಕಟ್ಟಾದ ಜಲಸಂಧಿಯ ಮೂಲಕ ಕೆಂಪು ಸಮುದ್ರವನ್ನು ಪ್ರವೇಶಿಸಬೇಕು. ಅಲ್ಲಿ ಹಡಗುಗಳ ಮೇಲೆ ದಾಳಿಗಳು ಆರಂಭವಾದ್ದರಿಂದ ಅನೇಕ ಕಂಪನಿಗಳು ಆ ದಾರಿಯನ್ನೇ ಬಿಟ್ಟವು. 2024ರಲ್ಲಿ ಜೆಡ್ಡಾಕ್ಕೆ ಹೋಗಬೇಕಾದ ಕೆಲವು ಸರಕುಗಳನ್ನು ದಮ್ಮಾಮಿನಲ್ಲಿ ಇಳಿಸಿ, 1,300 ಕಿಲೋಮೀಟರಿನಷ್ಟು ದೂರ ಲಾರಿಯಲ್ಲಿ ಸಾಗಿಸಿದರು. ದಾರಿ ಉದ್ದವಾದಷ್ಟೂ ಡೀಸೆಲ್, ವಿದ್ಯುತ್, ವಿಮೆ ಎಲ್ಲದರ ಖರ್ಚು ಏರುತ್ತದೆ. ಎಲ್ಲೋ ದೂರದ ಜಲಸಂಧಿಯಲ್ಲಿ ನಡೆಯುವ ಘಟನೆ ನಮ್ಮ ಅಡುಗೆಮನೆಯ ಖರ್ಚನ್ನು ಹೆಚ್ಚಿಸಬಲ್ಲದು ಎಂಬುದಕ್ಕೆ ಇದಕ್ಕಿಂತ ಬೇರೆ ಉದಾಹರಣೆ ಬೇಕಿಲ್ಲ.

ಪೊಟ್ಟಣವನ್ನು ಓದುವುದು ಹೇಗೆ?

ಈಗ ಅತ್ತೆಯವರ ಪ್ರಶ್ನೆಗೆ ಬರೋಣ. ಕಲ್ಲಿನಂತಿರುವ ಮೀನನ್ನು ನಂಬುವುದು ಹೇಗೆ? ಹಸಿ ಮೀನಿನಲ್ಲಿ ಕಣ್ಣು, ಕಿವಿರು ಹೇಗೋ, ಫ್ರೋಜನ್ ಮೀನಿನಲ್ಲಿ ಚೀಟಿ ಮತ್ತು ಪೊಟ್ಟಣದ ಸ್ಥಿತಿ ಹಾಗೆ. ಅವನ್ನು ನೋಡುವ ಕಣ್ಣು ಬೇಕು. ಶಾಲೆಯಲ್ಲಿ ಅರಬಿ ಕಲಿಯುವ ಮಕ್ಕಳು ಇದರಲ್ಲಿ ತಂದೆತಾಯಿಗೆ ಸಹಾಯ ಮಾಡಬಹುದು.

'ಮುಜಮ್ಮದ್' ಎಂದರೆ ಹೆಪ್ಪುಗಟ್ಟಿಸಿದ್ದು, 'ತಾಝಜ್' ಎಂದರೆ ತಾಜಾ. 'ಬಲದ್ ಅಲ್ ಮನ್ಶಅ' ಎಂದರೆ ಯಾವ ದೇಶದ್ದು ಎಂಬ ವಿವರ. 'ತಾರೀಖ್ ಅಲ್ ಇಂತಾಜ್' ತಯಾರಾದ ದಿನಾಂಕ, 'ತಾರೀಖ್ ಅಲ್ ಇಂತಿಹಾ' ಮುಗಿಯುವ ದಿನಾಂಕ. ಬಂಗುಡೆ, ಬೂತಾಯಿಯಂಥ ಎಣ್ಣೆಯಂಶ ಹೆಚ್ಚಿರುವ ಮೀನು ಫ್ರೀಜರಿನಲ್ಲೂ ನಿಧಾನವಾಗಿ ಕಮಟುತ್ತದೆ. ಆದ್ದರಿಂದ ಇವುಗಳಲ್ಲಿ ಇತ್ತೀಚೆಗೆ ತಯಾರಾದದ್ದನ್ನೇ ಆರಿಸುವುದು ಒಳ್ಳೆಯದು.

ಪೊಟ್ಟಣದ ಒಳಗೆ ಮಂಜಿನ ಪುಡಿ ತುಂಬಾ ಇದ್ದರೆ, ಹೋಳುಗಳು ಒಂದಕ್ಕೊಂದು ಅಂಟಿ ಗಡ್ಡೆಯಾಗಿದ್ದರೆ, ತಳದಲ್ಲಿ ಕೆಂಪು ನೀರು ಗಟ್ಟಿಯಾಗಿದ್ದರೆ ಅದು ದಾರಿಯಲ್ಲೆಲ್ಲೋ ಕರಗಿ ಮತ್ತೆ ಗಟ್ಟಿಯಾಗಿರುವ ಸಾಧ್ಯತೆ ಇದೆ. ಮೀನಿನ ಮೈಮೇಲೆ ಬಿಳಿಯ ಒಣ ಕಲೆಗಳಿದ್ದರೆ ಚಳಿಗಾಳಿಗೆ ನೀರಿನಂಶ ಆರಿಹೋಗಿದೆ ಎಂದರ್ಥ. ಅದು ವಿಷವಲ್ಲ, ಆದರೆ ರುಚಿ ಇರುವುದಿಲ್ಲ.

ಇನ್ನು 'ಅಲ್ ವಝನ್ ಅಸ್ಸಾಫಿ', ಅಂದರೆ ನಿವ್ವಳ ತೂಕ. ಮೀನು ಒಣಗದಿರಲೆಂದು ಅದರ ಮೇಲೆ ತೆಳುವಾದ ಮಂಜಿನ ಹೊದಿಕೆಯನ್ನು ಕೊಡುತ್ತಾರೆ. ಇದು ಬೇಕಾದ ಕ್ರಮವೇ. ಆದರೆ ಅಂತರರಾಷ್ಟ್ರೀಯ ಆಹಾರ ಮಾನದಂಡದಂತೆ ನಿವ್ವಳ ತೂಕದಲ್ಲಿ ಈ ಮಂಜನ್ನು ಸೇರಿಸುವಂತಿಲ್ಲ. ಉದಾಹರಣೆಗೆ ಒಂದು ಸೀಗಡಿ ಪೊಟ್ಟಣದ ಬೆಲೆ 20 ರಿಯಾಲ್, ತೂಕ 1,000 ಗ್ರಾಂ ಎಂದುಕೊಳ್ಳಿ. ಮಂಜು ತೆಗೆದ ಮೇಲೆ ಸೀಗಡಿ 800 ಗ್ರಾಂ ಇದ್ದರೆ, ಒಂದು ಕಿಲೋ ಸೀಗಡಿಗೆ ನಾವು ನಿಜವಾಗಿ ಕೊಟ್ಟ ಬೆಲೆ 20 ಭಾಗಿಸು 0.8, ಅಂದರೆ 25 ರಿಯಾಲ್. ಪಕ್ಕದಲ್ಲಿ 23 ರಿಯಾಲಿಗೆ ಪೂರ್ತಿ 1,000 ಗ್ರಾಂ ಸೀಗಡಿ ಇರುವ ಪೊಟ್ಟಣವಿದ್ದರೆ ಅದೇ ಅಗ್ಗ!

ಮನೆಯವರ ಗಮನಕ್ಕೆ

ಆರೋಗ್ಯದ ದೃಷ್ಟಿಯಿಂದ ಒಂದು ಎಚ್ಚರಿಕೆಯ ಮಾತು. ಬಂಗುಡೆ, ಬೂತಾಯಿ, ಅಂಜಲ್, ಟ್ಯೂನಾ ಮೀನುಗಳು ಬೆಚ್ಚಗಿನ ಜಾಗದಲ್ಲಿ ಹೆಚ್ಚು ಹೊತ್ತು ಉಳಿದರೆ ಅವುಗಳಲ್ಲಿ 'ಹಿಸ್ಟಮಿನ್' ಎಂಬ ವಸ್ತು ಹುಟ್ಟುತ್ತದೆ. ಅಂಥ ಮೀನು ತಿಂದರೆ ಮುಖ ಕೆಂಪಾಗಿ, ಮೈ ತುರಿಸಿ, ತಲೆನೋವು ಬರಬಹುದು. ಎಷ್ಟು ಕುದಿಸಿದರೂ, ಮತ್ತೆ ಫ್ರೀಜರಿನಲ್ಲಿಟ್ಟರೂ ಹಿಸ್ಟಮಿನ್ ಹೋಗುವುದಿಲ್ಲ. ಆದ್ದರಿಂದ ಅಂಗಡಿಯಲ್ಲಿ ಮೀನನ್ನು ಎಲ್ಲಕ್ಕಿಂತ ಕೊನೆಗೆ ಎತ್ತಿಕೊಳ್ಳಿ. ಬೇಸಿಗೆಯಲ್ಲಿ ಕಾರಿನಲ್ಲಿ ಒಂದು ಐಸ್ ಪೆಟ್ಟಿಗೆ ಇರಲಿ. ಮೀನನ್ನು ಕಾರಿನಲ್ಲಿಟ್ಟು ಇನ್ನೊಂದು ಅಂಗಡಿಗೆ ಹೋಗಬೇಡಿ. ಕರಗಿಸುವಾಗ ಹಿಂದಿನ ರಾತ್ರಿಯೇ ಫ್ರಿಜ್ಜಿನ ಕೆಳಗಿನ ಅಂಕಣದಲ್ಲಿ ಪಾತ್ರೆಯೊಳಗೆ ಇಡಿ. ಅಡುಗೆಕಟ್ಟೆಯ ಮೇಲೆ ಬೆಳಗಿನಿಂದ ಮಧ್ಯಾಹ್ನದವರೆಗೆ ಬಿಡುವುದು ಸರಿಯಲ್ಲ. ಒಮ್ಮೆ ಕರಗಿದ್ದನ್ನು ಮತ್ತೆ ಫ್ರೀಜರಿಗೆ ಹಾಕಬೇಡಿ. ಬೇಕಾದಷ್ಟನ್ನೇ ತೆಗೆಯಿರಿ.

ಅತ್ತೆಯವರಿಗೆ ಇದನ್ನೆಲ್ಲ ವಿವರಿಸಿದಾಗ ಅವರು ಸಂಪೂರ್ಣವಾಗಿ ಒಪ್ಪಲಿಲ್ಲ. "ದಕ್ಕೆಯಿಂದ ತಂದ ಬಂಗುಡೆಯ ರುಚಿ ಇದಕ್ಕೆಲ್ಲಿ ಬರಬೇಕು?" ಎಂದರು. ಆದರೆ ಮರುವಾರ ಅಂಗಡಿಗೆ ಹೋದಾಗ ಮೊಮ್ಮಗಳನ್ನು ಪಕ್ಕಕ್ಕೆ ಕರೆದು, "ತಾರೀಖು ಓದು ಪುಟ್ಟಿ, ಮಂಜಿನ ಪುಡಿ ಇದೆಯಾ ನೋಡು" ಎಂದು ನಾಲ್ಕು ಪೊಟ್ಟಣ ತಿರುಗಿಸಿ ನೋಡಿ ಐದನೆಯದನ್ನು ಆರಿಸಿದರು. ಕಿವಿರು ನೋಡುತ್ತಿದ್ದ ಅದೇ ಶ್ರದ್ಧೆ. ಆ ದಿನ ಕೊತ್ತಂಬರಿ, ಒಣಮೆಣಸು, ಹುಣಸೆಹುಳಿ ಅರೆದು ಅವರೇ ಮಾಡಿದ ಬಂಗುಡೆ ಸಾರನ್ನು ಮಕ್ಕಳು ತಟ್ಟೆ ನೆಕ್ಕಿ ಉಂಡರು.

ಮಲ್ಪೆಯ ದೋಣಿಯವರು, ಐಸ್ ಪ್ಲಾಂಟಿನ ಕೆಲಸಗಾರರು, ಸೀಗಡಿ ಸುಲಿಯುವ ಹೆಂಗಸರು, ಹಡಗಿನ ನಾವಿಕರು, ಮರಳುಗಾಡಿನ ಲಾರಿ ಚಾಲಕರು, ಹೀಗೆ ನಾವು ಕಾಣದ ಅದೆಷ್ಟೋ ಕೈಗಳು ನಮ್ಮ ತಟ್ಟೆಯವರೆಗೆ ಮೀನನ್ನು ತಂಪಾಗಿ ತಂದುಕೊಡುತ್ತವೆ. ಅದನ್ನು ಅರಿತು ಕೊಳ್ಳೋಣ, ಕೆಡಿಸದೆ ಉಣ್ಣೋಣ.

ಮಾಡಿ ನೋಡಿ

1. ಹಿರಿಯರ ಸಹಾಯದಿಂದ ಫ್ರೋಜನ್ ಸೀಗಡಿಯ ಪೊಟ್ಟಣವನ್ನು ತೂಗಿ. ಸೀಗಡಿಯನ್ನು ಜರಡಿಯಲ್ಲಿಟ್ಟು ಮೇಲಿನ ಮಂಜು ಹೋಗುವಷ್ಟು ಮಾತ್ರ ತಣ್ಣೀರು ಹಾಯಿಸಿ, ನೀರು ಬಸಿದು ಮತ್ತೆ ತೂಗಿ. ಚೀಟಿಯಲ್ಲಿರುವ ನಿವ್ವಳ ತೂಕಕ್ಕೆ ಹೋಲಿಸಿ. ಆ ಸೀಗಡಿಯನ್ನು ಅದೇ ದಿನ ಅಡುಗೆಗೆ ಬಳಸಿ.

2. ಒಂದು ಟೊಮೇಟೊ ಹಣ್ಣನ್ನು ಮನೆಯ ಫ್ರೀಜರಿನಲ್ಲಿ ರಾತ್ರಿಯಿಡೀ ಇಟ್ಟು ಬೆಳಿಗ್ಗೆ ಕರಗಿಸಿ. ಅದೇಕೆ ಮೆತ್ತಗಾಗಿ ನೀರು ಬಿಟ್ಟಿತು? ಈ ಲೇಖನದಲ್ಲಿ ಉತ್ತರ ಹುಡುಕಿ.

3. ಅಂಗಡಿಯ ಫ್ರೀಜರಿನಲ್ಲಿರುವ ಹತ್ತು ಮೀನಿನ ಪೊಟ್ಟಣಗಳ ಮೂಲ ದೇಶಗಳನ್ನು ಬರೆದುಕೊಂಡು ಭೂಪಟದಲ್ಲಿ ಗುರುತಿಸಿ. ಅಲ್ಲಿಂದ ಇಲ್ಲಿಗೆ ಹಡಗು ಬರುವ ದಾರಿಯನ್ನು ಪೆನ್ಸಿಲಿನಿಂದ ಎಳೆಯಿರಿ.